ಹೊಸ್ತಿಲಿನ ಚಿನ್ನದ ಕಾಪು

“ಮುಗಿಲ್ಗೋಡಿನ ಪ್ರಜೆಗಳೇ, ಕಿವಿಗೊಡಿ! ರಾಜಕುಮಾರಿ ಮೇದಿನಿಯವರು ಮೂರು ಒಗಟು ಕೇಳುವರು. ಮೂರನ್ನೂ ಬಿಡಿಸಿದವನು ಹೇಳಿದಂತೆ ಅರಸರು ನಡೆಯುವರು. ಅವನಿಗೆ ಅರ್ಧ ನಾಡು. ರಾಜಕುಮಾರಿ ಒಪ್ಪಿದರೆ ಮದುವೆ. ತಪ್ಪಿದವನನ್ನು ಹೊರದಿನದಂದು ಅರಮನೆಯ ಬಾಗಿಲಾಚೆ ಕೂರಿಸಿ ಮಬ್ಬಿಗೆ ಬಿಡಲಾಗುವುದು!”

ಡಂಗುರದವನು ಕೊನೆಯ ಮಾತು ಕೂಗಿದಾಗ ಉಪ್ಪರಿಗೆಯಲ್ಲಿ ನಿಂತಿದ್ದ ಮೇದಿನಿ ಹಲ್ಲು ಕಚ್ಚಿದಳು. ‘ಒಪ್ಪಿದರೆ’ ಎಂದು ಸೇರಿಸಿದ್ದು ಅವಳು. ಸಾವಿನ ಮಾತು ಸೇರಿಸಿದ್ದು ಅವಳ ಅಪ್ಪ ಅರಿಗೊಂಡರಾಯ. “ಭಯ ಇಲ್ಲದಿದ್ದರೆ ಕಂಡಕಂಡವರೆಲ್ಲ ಬರುತ್ತಾರಮ್ಮ” ಎಂದಿದ್ದ.

ಮುಗಿಲ್ಗೋಡಿನಲ್ಲಿ ವರುಷಕ್ಕೆ ಹದಿಮೂರು ತಿಂಗಳು, ತಿಂಗಳಿಗೆ ಇಪ್ಪತ್ತೆಂಟು ದಿನ. ಯಾವ ತಿಂಗಳಿಗೂ ಸೇರದೆ ಮಿಕ್ಕುವ ಒಂದು ದಿನವೇ ಹೊರದಿನ. ಅಂದು ಕಣಿವೆಯಿಂದ ಮಬ್ಬು ಏಳುತ್ತದೆ; ನುಗ್ಗಿದ ಮನೆಯವರ ದನಿಯನ್ನೋ ಉಸಿರನ್ನೋ ಹೊತ್ತೊಯ್ಯುತ್ತದೆ. ಅದನ್ನು ತಡೆಯುವುದು ಹೊಸ್ತಿಲ ಮೇಲಿನ ಕಾಪು ಎಂಬ ಗುರುತು. ಮೇದಿನಿ ಹುಟ್ಟಿದ ವರುಷ ಅರಸ ಅದನ್ನು ಚಿನ್ನದಲ್ಲಿ ಎರಕ ಹೊಯ್ಯಿಸಿ ಹೊಸ್ತಿಲಿಗೆ ಕೂರಿಸಿದ್ದ. ಸಿರಿವಂತರೆಲ್ಲ ಹಾಗೇ ಮಾಡಿಸಿಕೊಂಡರು. ಅಲ್ಲಿಂದ ಮಬ್ಬು ವರುಷಕ್ಕೊಂದರಂತೆ ಅರಮನೆಯ ಇಪ್ಪತ್ತು ಮೆಟ್ಟಿಲನ್ನೂ ಏರಿ, ಕಳೆದ ಹೊರದಿನದಂದು ಒಳಗೆ ಬಂದು ರಾಣಿ ಸಿರಿಯಮ್ಮನ ದನಿ ಕೊಂಡೊಯ್ದಿತು.

ತಪ್ಪೆಲ್ಲಿದೆ ಎಂದು ಮೇದಿನಿಗೆ ಗೊತ್ತಿತ್ತು. ತೀರಿಹೋದ ಅಜ್ಜಿ ಹೇಳಿಕೊಟ್ಟಿದ್ದಳು. ಅಪ್ಪನ ಹತ್ತಿರ ಬಾಯಿ ತೆರೆದರೆ, “ಚಿನ್ನಕ್ಕಿಂತ ಗಟ್ಟಿ ಯಾವುದಿದೆ? ನೀನು ಸುಮ್ಮನಿರು” ಎಂದು ಎದ್ದು ಹೋಗುತ್ತಿದ್ದ. ಮಗಳ ಮಾತು ಕೇಳದ ಅರಸ ತುಂಬಿದ ಸಭೆಯಲ್ಲಿ ಗೆದ್ದವನ ಮಾತಾದರೂ ಕೇಳಿಯಾನು ಎಂದೇ ಅವಳು ಅಜ್ಜಿಯ ಒಗಟುಗಳನ್ನು ಹೊರತೆಗೆದದ್ದು.

ಹೊರದಿನದ ಹಿಂದಿನ ದಿನ ಬೆಳಿಗ್ಗೆ ಹೆಬ್ಬಾಗಿಲ ಒಳಗೇ ಸಭೆ ಕೂಡಿತು. ಮೊದಲು ಬಂದವನು ತೆಂಕಣಕೋಟೆಯ ರಾಜಕುಮಾರ.

ಮೇದಿನಿ ಕೇಳಿದಳು: “ಹುಟ್ಟಿದ ದಿನ ಅದಕ್ಕೆ ಒಂದೇ ಕಾಲು, ಸಾಯುವ ಹೊತ್ತಿಗೆ ಹದಿಮೂರು. ಇಷ್ಟಾದರೂ ಇದ್ದಲ್ಲಿಂದ ಒಂದು ಹೆಜ್ಜೆ ಕದಲುವುದಿಲ್ಲ. ಯಾವುದದು?”

“ಸಹಸ್ರಪದಿ!”

“ಅದು ಕದಲುತ್ತದೆ, ಸ್ವಾಮಿ.”

“ಕಾಲು ಮುರಿದಿದ್ದರೆ?”

ಕಾವಲಿನವರು ಅವನನ್ನು ಪಕ್ಕಕ್ಕೆ ಕರೆದೊಯ್ದರು. ಆಮೇಲೆ ಬಂದವನು ಪಂಡಿತ ವಿರೂಪಾಚಾರ್ಯನ ಮಗ. “ಇದು ತಮ್ಮ ರಾಜವಂಶ! ಮೂಲಪುರುಷ ಒಬ್ಬ, ಈಗ ಶಾಖೆಗಳು ಹದಿಮೂರು.”

ಅರಸನ ಮುಖ ಅರಳಿತು. “ಚೆನ್ನಾಗಿದೆಯಲ್ಲ ಮಗಳೇ, ಇದೇ ಇರಲಿ ಬಿಡು.”

“ಹಾಗಾದರೆ ವಂಶ ಸಾಯುವ ಹೊತ್ತು ಬಂತೇ ಅಪ್ಪಾಜಿ?”

ಅರಸ ಕೈಬೀಸಿದ, ಅವನನ್ನೂ ಕರೆದೊಯ್ದರು. ಮಧ್ಯಾಹ್ನದ ಹೊತ್ತಿಗೆ ಹನ್ನೊಂದು ಮಂದಿ ಸೋತು ಗೋಡೆಗೆ ಒರಗಿದ್ದರು. ಹನ್ನೊಂದು ಮಂದಿಯೂ ಉತ್ತರವನ್ನು ತುಳಿದುಕೊಂಡೇ ಒಳಗೆ ಬಂದಿದ್ದರು. ಮೇದಿನಿಗೆ ಎದ್ದು ಕೂಗಿಬಿಡೋಣ ಎನಿಸಿತು. ಮೂಲೆಯಲ್ಲಿ ರಾಣಿ ಹಣೆ ಚಚ್ಚಿಕೊಂಡಳು.

ಆಗ ಬಾಗಿಲಲ್ಲಿ ಒಬ್ಬ ಯುವಕ ಕಾಣಿಸಿದ. ಹೆಗಲ ಮೇಲೆ ಒದ್ದೆ ಬಟ್ಟೆ, ಮೊಣಕಾಲಿಗೆಲ್ಲ ಸುಣ್ಣ. ಗುರುತನ್ನು ತುಳಿಯದೆ ಬದಿಯಿಂದ ದಾಟಿ ಬಂದ. ಮೇದಿನಿ ನೆಟ್ಟಗೆ ಕೂತಳು.

“ಯಾರೋ ನೀನು?” ಎಂದ ಅರಸ.

“ಕರಿಬೊಮ್ಮ, ಬುದ್ಧಿ. ಕೆಳಗೇರಿಯವನು. ಅವ್ವನಿಗೆ ಮಂಡಿ ನೋವು, ಬಗ್ಗಕ್ಕಾಗಲ್ಲ. ಅವಳ ಬದಲು ನಾನೇ ಮನೆಮನೆಯ ಹೊಸ್ತಿಲು ತೊಳೀತೀನಿ.”

“ಹೆಂಗಸರ ಕೆಲಸ!” ಎಂದು ತೆಂಕಣಕೋಟೆಯವನು ಗೋಡೆಯ ಕಡೆಯಿಂದ ನಕ್ಕ.

ಮೇದಿನಿ ಮೊದಲ ಒಗಟು ಹೇಳಿದಳು. ಕರಿಬೊಮ್ಮ ತಲೆ ಕೆರೆದುಕೊಂಡ. “ಇದೂ ಒಂದು ಒಗಟೇ ಅಮ್ಮಣ್ಣಿ? ಸುಣ್ಣದ ಕಾಪಲ್ಲವೇ? ಹುಟ್ಟೋ ದಿನ ಒಂದು ಗೆರೆ. ಆಮೇಲೆ ಎರಡನೇ ತಿಂಗಳಿಂದ ತಿಂಗಳಿಗೊಂದು ಸೇರಿಸ್ತಾ ಹೋಗ್ತೀವಿ, ವರುಷದ ಕೊನೆಗೆ ಹದಿಮೂರು.”

ಮೇದಿನಿ ಎರಡನೆಯದನ್ನು ಕೇಳಿದಳು: “ಹದಿಮೂರು ಮನೆಯ ಊರಿನಲ್ಲಿ ಒಬ್ಬನಿಗೆ ಮಾತ್ರ ಮನೆಯಿಲ್ಲ. ಅವನು ಬಂದರೆ ಎಲ್ಲರೂ ಬಾಗಿಲು ಹಾಕುತ್ತಾರೆ, ಬಾರದಿದ್ದರೆ ಲೆಕ್ಕವೇ ಮುಗಿಯುವುದಿಲ್ಲ.”

“ಹದಿಮೂರು ತಿಂಗಳು ಹದಿಮೂರು ಮನೆ. ಮನೆಯಿಲ್ಲದವನು ನಾಳೆ ಬರ್ತಾನೆ. ಹೊರದಿನ.”

“ಬರೆದದ್ದನ್ನೆಲ್ಲ ಅದು ಕೆಡಿಸುತ್ತದೆ. ಕೊಳಕೆಂದು ಮೂಲೆಗೆ ಎಸೆಯುತ್ತಾರೆ. ಆದರೆ ಅದು ಮುಟ್ಟದ ಮನೆಗೆ ಮಬ್ಬು ಬರುತ್ತದೆ.”

ಕರಿಬೊಮ್ಮ ಚಿನ್ನವನ್ನು ನೋಡಿದ, ಅರಸನನ್ನು ನೋಡಿದ. ನಿಧಾನವಾಗಿ ಹೆಗಲ ಮೇಲಿನ ಬಟ್ಟೆ ತೆಗೆದು ನೆಲಕ್ಕಿಟ್ಟ.

“ಈ ಒರೆಸೋ ಬಟ್ಟೆ, ಬುದ್ಧಿ. ಹೊರದಿನ ಬೆಳಿಗ್ಗೆ ಹಳೇ ಕಾಪು ಒರೆಸಿ ಹೊಸದರ ಮೊದಲ ಗೆರೆ ಎಳೀಬೇಕು. ಈ ಮನೇಲಿ ಬಗ್ಗಿ ನೋಡೋರು ಇದಾರೆ ಅಂತ ಮಬ್ಬಿಗೆ ಗೊತ್ತಾಗೋದು ಹಸಿ ಗೆರೆಯಿಂದಲೇ.”

“ಚಿನ್ನವನ್ನು ಬಟ್ಟೆಯಲ್ಲಿ ಒರೆಸಿ ಅಳಿಸಲಾಗುತ್ತದೇನೋ?” ಎಂದ ಅರಸ.

“ಆಗಲ್ಲ ಬುದ್ಧಿ. ಅದೇ ಅದರ ರೋಗ.”

ಅರಸ ಮಗಳ ಕಡೆ ತಿರುಗಿದ. “ಮೂರೂ ಸರಿ” ಎಂದಳು ಅವಳು. ಮೂವತ್ತು ವರುಷ ಆಳಿದರೂ ಅರಿಗೊಂಡರಾಯ ಹೊಸ್ತಿಲನ್ನು ದಾಟಿದ್ದನೇ ಹೊರತು ಒಮ್ಮೆಯೂ ಬಗ್ಗಿ ನೋಡಿರಲಿಲ್ಲ. ಆದರೆ ಕೊಟ್ಟ ಮಾತಿಗೆ ತಪ್ಪುವವನಲ್ಲ. “ಉಳಿ ತನ್ನಿ” ಎಂದ.

ಮರುದಿನ ಬೆಳಿಗ್ಗೆ ಚಿನ್ನ ಕಿತ್ತ ಜಾಗವನ್ನು ಕರಿಬೊಮ್ಮ ತೊಳೆದು ಒರೆಸಿದ. ಮೇದಿನಿ ಮಂಡಿಯೂರಿ ಒಂದು ಗೆರೆ ಎಳೆದಳು. ಸೋತ ಹನ್ನೊಂದು ಮಂದಿಯನ್ನು ಹೊರಗೆ ಕೂರಿಸಲು ಕಾವಲಿನವರು ಎದ್ದಾಗ ಕರಿಬೊಮ್ಮ ಅಡ್ಡ ನಿಂತ. “ನಾನು ಹೇಳಿದಂತೆ ನಡೀತೀವಿ ಅಂದಿದ್ರಿ ಬುದ್ಧಿ. ಇವರು ಒಳಗಿರಲಿ.” ಅರಸ ತಲೆಯಾಡಿಸಿದ.

ಮಧ್ಯಾಹ್ನ ಮಬ್ಬು ಇಪ್ಪತ್ತು ಮೆಟ್ಟಿಲೇರಿ ಬಂತು. ಹಸಿ ಗೆರೆಯ ಮುಂದೆ ತಡೆದು ನಿಂತಿತು, ಕದ್ದದ್ದನ್ನು ಅಲ್ಲೇ ಉದುರಿಸಿ ಇಳಿದು ಹೋಯಿತು. ರಾಣಿ ಕೆಮ್ಮಿದಳು.

“ಸಿರಿ! ಮಾತಾಡು” ಎಂದ ಅರಸ.

ಕರಿಬೊಮ್ಮನಿಗೆ ಅರ್ಧ ನಾಡು ಸಿಕ್ಕಿತು. ಮದುವೆಯ ಮಾತಿಗೆ ಮೇದಿನಿ, “ಹದಿಮೂರನೆಯ ಗೆರೆಯ ದಿನ ಹೇಳುತ್ತೇನೆ, ಅಲ್ಲಿಯವರೆಗೆ ತಿಂಗಳಿಗೊಮ್ಮೆ ಬಟ್ಟೆ ತಗೊಂಡು ಬಾ” ಎಂದಳು. ಅವನು ಒಂದು ತಿಂಗಳೂ ತಪ್ಪಿಸಲಿಲ್ಲ, ಅವಳು ಒಪ್ಪಿದಳು. ಆದರೆ ಮುಗಿಲ್ಗೋಡಿನವರು ಇಂದಿಗೂ ನೆನೆದು ನಗುವುದು ಅಂದು ಸಿರಿಯಮ್ಮ ಬಾಯಿ ತೆರೆದು ಆಡಿದ ಮೊದಲ ಮಾತನ್ನು:

“ಚಿನ್ನದ ಕಾಪು ಬೇಡ ಅಂತ ಇಪ್ಪತ್ತು ವರುಷ ಬಾಯಲ್ಲಿ ಹೇಳಿದೆ, ಒಂದು ವರುಷ ಬರೆದು ತೋರಿಸಿದೆ. ಈಗ ಮುಂದಿನ ತಿಂಗಳ ಗೆರೆ ನೀವೇ ಎಳೀರಿ. ಬಗ್ಗಿ.”