ಸುರಂಗದಲ್ಲಿ ಕೇಳಿದ ದನಿ

“ಗುರುಗಳೇ, ಸಭೆಯಲ್ಲಿ ನಾನು ಆಡುವುದೆಲ್ಲ ನಿಮ್ಮ ಮಾತು. ಜನ ಅದನ್ನು ಕೇಳಿ ನಿಮ್ಮನ್ನೇ ನೆನೆಯುತ್ತಾರೆ. ನನ್ನನ್ನು ಗುರುತಿಸುವವರು ಯಾರು?” ಎಂದು ಶಿಷ್ಯ ಮುರುಘೇಂದ್ರ ಕೇಳಿದ. ಬಹಳ ದಿನಗಳಿಂದ ಅವನನ್ನು ಕೊರೆಯುತ್ತಿದ್ದ ಪ್ರಶ್ನೆ ಅದು.

ಗುರುಗಳು ಹೇಳಿದರು:

ಜಪಾನಿನಲ್ಲಿ ಒಬ್ಬ ಕಂಠದಾನ ಕಲಾವಿದೆ ಇದ್ದಳು. ಕಾರ್ಟೂನ್ ಚಿತ್ರಗಳಿಗೆ ದನಿ ಕೊಡುವುದು ಅವಳ ವೃತ್ತಿ. ಮೊದಮೊದಲು ಅವಳ ಪಾಲಿಗೆ ಬಂದದ್ದು ಅಳುವ ಕೂಸು, ಬೊಗಳುವ ನಾಯಿ, ಬೀದಿಯ ಗದ್ದಲ. ಕಡೆಗೊಮ್ಮೆ ಒಬ್ಬ ಹುಡುಗನ ಪಾತ್ರ ಸಿಕ್ಕಿತು. ತುಂಟ, ಆದರೆ ಯಾರ ಕೈಯನ್ನೂ ಬಿಡದವನು. ನಾಡಿನ ಮಕ್ಕಳೆಲ್ಲ ಅವನ ಮಾತಿಗೆ ಮರುಳಾದರು. ವರ್ಷಗಳು ಕಳೆದವು. ಅವಳ ಕೂದಲು ನರೆಯಿತು. ಹುಡುಗ ಹುಡುಗನಾಗಿಯೇ ಉಳಿದ.

ಅವಳೊಳಗೆ ತಳಮಳ ಶುರುವಾಯಿತು. ಅಂಗಡಿಯಲ್ಲಿ ಮಕ್ಕಳು ಆ ಹುಡುಗನ ಗೊಂಬೆಗೆ ಮುಗಿಬೀಳುವಾಗ ಪಕ್ಕದಲ್ಲಿ ನಿಂತ ಅವಳನ್ನೇ ತಳ್ಳಿಕೊಂಡು ಹೋಗುತ್ತಿದ್ದರು. ಕೂತರೆ ಏಳಬೇಕೆನಿಸುವುದು, ಎದ್ದರೆ ಎಲ್ಲಿಗೆ ಹೋಗಬೇಕೆಂದು ತಿಳಿಯದು. ಒಂದು ದಿನ ನಿರ್ದೇಶಕನ ಬಳಿಗೆ ಹೋಗಿ, ಇನ್ನು ಈ ಪಾತ್ರ ಬೇಡ ಎಂದುಬಿಟ್ಟಳು. ಅವನು ಬಹಳ ಕೇಳಿಕೊಂಡ. ಅವಳು ಒಪ್ಪಲಿಲ್ಲ. ಪಾತ್ರ ಬೇರೊಬ್ಬಳಿಗೆ ಹೋಯಿತು.

ಅವಳು ನಾಟಕಕ್ಕೆ ಸೇರಿದಳು. ಇಲ್ಲಿ ಮುಖ ಕಾಣುತ್ತಿತ್ತು. ಹೆಸರು ರಂಗಮಂದಿರದ ಬಾಗಿಲಲ್ಲೇ ಬರೆದಿತ್ತು. ಜನ ಚಪ್ಪಾಳೆಯನ್ನೂ ತಟ್ಟಿದರು. ಆದರೆ ಅದು ನಿನ್ನೆಗಿಂತ ಕಡಿಮೆಯಾಯಿತೇ ಎಂದು ಕಿವಿಗೊಡುವುದೇ ಅವಳ ಕೆಲಸವಾಯಿತು. ನೆಮ್ಮದಿ ಹತ್ತಿರ ಸುಳಿಯಲಿಲ್ಲ.

ಒಮ್ಮೆ ನಾಟಕಕ್ಕೆಂದು ಹೊರಟಿದ್ದಾಗ, ರೈಲು ಸುರಂಗದೊಳಗಿರುವಂತೆಯೇ ಭೂಮಿ ನಡುಗಿತು. ರೈಲು ನಿಂತಿತು. ದೀಪಗಳು ಆರಿದವು. ಬೋಗಿಯಲ್ಲಿ ಶಾಲೆಯ ಮಕ್ಕಳಿದ್ದರು. ಒಂದು ಮಗು ಅಳತೊಡಗಿತು, ಅದರ ಹಿಂದೆ ಉಳಿದವೂ. ಟೀಚರ್ ಎಷ್ಟು ರಮಿಸಿದರೂ ನಿಲ್ಲಲಿಲ್ಲ. ಯೋಚಿಸುವ ಮೊದಲೇ ಕಲಾವಿದೆಯ ಬಾಯಿಂದ ಆ ಹುಡುಗನ ದನಿ ಹೊರಟಿತು.

“ಯಾರೋ ಅದು ಅಳ್ತಿರೋದು? ನಾನೂ ಇಲ್ಲೇ ಇದ್ದೀನಿ. ನನಗೂ ಸ್ವಲ್ಪ ಹೆದರಿಕೆ ಆಗ್ತಿದೆ. ಎಲ್ಲರೂ ಕೈ ಕೈ ಹಿಡ್ಕೊಳ್ಳಿ.”

ಅಳು ನಿಂತಿತು. ಮಕ್ಕಳು ಕತ್ತಲಲ್ಲೇ ಅವನನ್ನು ಮಾತಾಡಿಸಿದರು. ಅವನ ನಾಯಿ ಹೇಗಿದೆ ಎಂದು ಕೇಳಿದರು. ಅವನು ಎಲ್ಲದಕ್ಕೂ ಉತ್ತರ ಕೊಟ್ಟ. ಯಾರೋ ನಕ್ಕರು ಕೂಡ.

ಕೊನೆಗೆ ದೀಪ ಹತ್ತಿತು. ರೈಲು ಇನ್ನೂ ಕದಲಿರಲಿಲ್ಲ. ಮಕ್ಕಳು ಸುತ್ತಲೂ ಅವನನ್ನು ಹುಡುಕಿದರು. ಒಬ್ಬ ಪುಟ್ಟ ಹುಡುಗಿ ಅವಳ ತೋಳು ಜಗ್ಗಿ, “ಅಜ್ಜಿ, ಅವನು ಎಲ್ಲಿ ಹೋದ?” ಎಂದಳು.

ತನ್ನ ಹೆಸರು ಕಲಾವಿದೆಯ ನಾಲಿಗೆಯ ತುದಿಗೇ ಬಂದಿತ್ತು. ಮಗು ಹೆದರಿ ಅವಳ ತೋಳನ್ನು ಇನ್ನೂ ಬಿಗಿಯಾಗಿ ಹಿಡಿದಿತ್ತು.

“ಪಕ್ಕದ ಬೋಗಿಯಲ್ಲೂ ಮಕ್ಕಳು ಅಳ್ತಿದ್ರಂತೆ. ಅಲ್ಲಿಗೆ ಹೋದ,” ಎಂದಳು.

ಗುರುಗಳು ಕಥೆ ಮುಗಿಸಿದರು. ಮುರುಘೇಂದ್ರನಿಗೆ ತಡೆಯಲಾಗಲಿಲ್ಲ. “ದೀಪ ಬಂದಿತ್ತಲ್ಲ, ಗುರುಗಳೇ. ಆಗಲಾದರೂ ಅದು ನಾನೇ ಎಂದು ಹೇಳಬಹುದಿತ್ತಲ್ಲ?”

“ರೈಲು ಇನ್ನೂ ಸುರಂಗದಲ್ಲೇ ಇತ್ತಲ್ಲಪ್ಪ,” ಎಂದರು ಗುರುಗಳು.