ಬೆಳಗುವ ಫ್ಯಾನು, ತಿರುಗುವ ಫ್ಯಾನು

ಕಂಪ್ಯೂಟರ್ ರಿಪೇರಿಯ ಗುರುಪಾದಯ್ಯನವರು ನನಗೆ ಮೊದಲು ಹೇಳಿದ ಕಥೆಯಿದು.

ಕಂಪ್ಯೂಟರಿನ ಪ್ರೊಸೆಸರನ್ನು ತಂಪಾಗಿಡಲು ಕರಿ ಫ್ಯಾನೊಂದು ಏಳು ವರ್ಷ ತಿರುಗಿ ತಿರುಗಿ ಸೋತಿತ್ತು. ಅದಕ್ಕೆ ಜೊತೆಯಾಗಲೆಂದು ಯಜಮಾನ ಬಣ್ಣದ ದೀಪದ ಹೊಸ ಫ್ಯಾನು ತಂದ. ಅದಕ್ಕೆ ವೈರು ಎರಡು: ತಿರುಗಲು ಒಂದು, ಬೆಳಗಲು ಒಂದು. ಅವನು ಬೆಳಗುವುದನ್ನಷ್ಟೇ ಸಿಕ್ಕಿಸಿ, ಬಣ್ಣ ಬಂದದ್ದೇ ದೇವರಿಗೆ ಕೈಮುಗಿದು ಕಂಪ್ಯೂಟರಿನ ಗಾಜಿನ ಪೆಟ್ಟಿಗೆ ಮುಚ್ಚಿದ.

“ಪ್ರೊಸೆಸರ್ ಬೇಯ್ತಾ ಇದೆ, ಸ್ವಲ್ಪ ತಿರುಗು ತಂಗೀ,” ಎಂದಿತು ಹಳೆಯದು.

“ನನಗೆ ತಿರುಗೋ ವೈರೇ ಹಾಕಿಲ್ಲ ಅಕ್ಕಾ. ಆದ್ರೂ ಎಲ್ಲರೂ ನನ್ನನ್ನೇ ಹೊಗಳ್ತಾರೆ!”

“ಹಾಗಾದ್ರೆ ದೀಪ ಆರಿಸಿಬಿಡು. ಕೆಟ್ಟಿದೆ ಅಂತ ತೆರೆದಾದ್ರೂ ನೋಡ್ತಾರೆ.”

ಹೊಸದು ಇನ್ನೂ ಜೋರಾಗಿ ಬೆಳಗಿತು.

ಮರುದಿನ ಕಂಪ್ಯೂಟರು ಬಿಸಿಯಾಗಿ ನಿಂತುಹೋದಾಗ, ಯಜಮಾನ ಧೂಳು ಹಿಡಿದ ಹಳೆಯ ಫ್ಯಾನನ್ನೇ ಬೈದು ಕಿತ್ತ.

“ಅಕ್ಕಾ, ನನ್ನನ್ನು ಯಾರ ಕೈಲಿ ಬಿಟ್ಟು ಹೋಗ್ತೀ?” ಎಂದಿತು ಪ್ರೊಸೆಸರ್.

ನಿಮ್ಮವರಿಗೂ ಈ ಕಥೆ ಹೇಳಿ.