ತಂಗಾಳಿ ಹುಡುಕಿಕೊಂಡು ಹೋದ ಗಾನವಿ

ಊಟದ ತಟ್ಟೆ ಮುಂದಿಟ್ಕೊಂಡು ಕಾಲು ಮಡಚಿ ಕೂತ್ಕೊಳ್ಳಿ. ಕಿವಿ ಇಲ್ಲಿ ಕೊಡಿ. ಬಾಯಿ ಮಾತ್ರ ಮುಚ್ಚಬೇಡಿ, ನಡುನಡುವೆ ನೀವೂ ಹೇಳಬೇಕು. ನಾನೊಬ್ಬಳೇ ಹೇಳಿದರೆ ನನಗೆ ಉಸಿರು ಸಾಲೋದಿಲ್ಲ. ಈ ಕತೆಯ ಬಾಲ ಅಷ್ಟು ಉದ್ದ.

ಒಂದು ಊರು. ಊರ ತುಂಬ ಹಿಪ್ಪುನೇರಳೆ ತೋಟ. ತೋಟದ ನಡುವೆ ಒಂದು ಹುಳದ ಮನೆ. ಹುಳದ ಮನೆ ಅಂದರೆ ರೇಷ್ಮೆ ಹುಳ ಸಾಕೋ ಮನೆ. ಅದು ಪಿಳ್ಳಮ್ಮಜ್ಜಿಯದು. ಪಿಳ್ಳಮ್ಮಜ್ಜಿಯ ಮೊಮ್ಮಗಳು ಗಾನವಿ. ಗಾನವಿಗೆ ಆರು ವರ್ಷ. ಮುಂದೆ ಎರಡು ಹಲ್ಲಿಲ್ಲ.

ಆ ಮನೆಯಲ್ಲಿ ಸಾವಿರ ಸಾವಿರ ಹುಳ. ಹೆಸರಿದ್ದದ್ದು ಒಂದೇ ಹುಳಕ್ಕೆ. ಅದರ ಹೆಸರು ದುಂಡ. ಎಲ್ಲಕ್ಕಿಂತ ಸಣಕಲು ಹುಳ ಅದೇ! ಕರೆದು ಕರೆದು ಆದರೂ ದುಂಡಗಾಗಲಿ ಅಂತ ಗಾನವಿ ಆ ಹೆಸರಿಟ್ಟಿದ್ದಳು.

ಗೋಡೆಯಲ್ಲಿ ಒಂದು ಗಾಳಿಪೆಟ್ಟಿಗೆ. ಪೆಟ್ಟಿಗೆಯೊಳಗೆ ಒಂದು ಫ್ಯಾನು. ಬೇಸಿಗೆಯಲ್ಲಿ ತಣ್ಣನೆ ಗಾಳಿ ಕೊಡುತ್ತೆ. ಚಳಿಯಲ್ಲಿ ಬೆಚ್ಚನೆ ಗಾಳಿ ಕೊಡುತ್ತೆ. ಹುಳಗಳು ಅದನ್ನೇ ನಂಬಿಕೊಂಡಿದ್ದವು.

ಒಂದು ದಿನ ಏನಾಯ್ತು? ತಂಗಾಳಿ ಕಳೆದುಹೋಯ್ತು.

ಗಾನವಿ ಕೈ ತೊಳೆದಳು. ಕಾಲು ತೊಳೆದಳು. ಹುಳದ ಮನೆಗೆ ಕೈಕಾಲು ತೊಳೆಯದೆ ಹೋಗುವ ಹಾಗಿಲ್ಲ. ಒಳಗೆ ಬಂದರೆ ಸೆಖೆಯೋ ಸೆಖೆ. ದುಂಡನ ಮುಂದೆ ಎಳೆ ಸೊಪ್ಪು ಹಾಕಿದಳು. ದುಂಡ ಮೂಸಿ ನೋಡಲಿಲ್ಲ. ಮುಟ್ಟಲೂ ಇಲ್ಲ.

"ಸೆಖೆ ಗಾನವಿ," ಅಂದ ದುಂಡ. "ತಂಗಾಳಿ ಬರಲಿ. ಆಮೇಲೆ ತಿಂತೀನಿ."

ಗಾನವಿಗೆ ಗಾಬರಿಯಾಯ್ತು. ಯಾಕೆ ಗೊತ್ತಾ? ದುಂಡ ನಾಲ್ಕನೇ ಸಲ ಚರ್ಮ ಕಳಚಿ ಆಗಷ್ಟೇ ಎದ್ದಿದ್ದ. ಎದ್ದ ಹುಳ ಏಳು ದಿನ ಹೊಟ್ಟೆ ಬಿರಿಯ ತಿನ್ನಬೇಕು. ತಿಂದರೆ ಗೂಡು ಕಟ್ಟುತ್ತೆ. ತಿನ್ನದಿದ್ದರೆ ಗೂಡಿಲ್ಲ. ಗೂಡಿಲ್ಲದಿದ್ದರೆ ದುಂಡನೂ ಇಲ್ಲ.

"ನಾನು ತರ್ತೀನಿ ತಂಗಾಳಿ. ನೀನು ಇಲ್ಲೇ ಇರು," ಅಂದಳು ಗಾನವಿ. ದುಂಡ ಇನ್ನೆಲ್ಲಿಗೆ ಹೋಗ್ತಾನೆ, ಪಾಪ.

ಗಾನವಿ ಓಡಿದಳು. ಓಡಿ ಓಡಿ ಫ್ಯಾನಿನ ಹತ್ತಿರ ಬಂದಳು.

ಫ್ಯಾನಣ್ಣ, ಫ್ಯಾನಣ್ಣ,
ದುಂಡ ಸೊಪ್ಪು ಮುಟ್ಟಲ್ಲ.
ನೀನು ಗಾಳಿ ಊದ್ತೀಯಾ?

ಫ್ಯಾನು ಗೊರ್ರ್ ಗೊರ್ರ್ ಅಂತ ಒದ್ದಾಡುತ್ತಿತ್ತು. ಬೆವರು ಬರೋ ಹಾಗಿದ್ದರೆ ಬೆವರೂ ಬರುತ್ತಿತ್ತು. ಎಷ್ಟು ಎಳೆದರೂ ಗಾಳಿ ಬರ್ತಾ ಇಲ್ಲ, ಅಜ್ಜಿ ನನ್ನ ಬಾಯಿಗೆ ಕಂಬಳಿ ಕಟ್ಟಿದ್ದಾಳೆ, ಕಂಬಳಿ ಬಿಚ್ಚಿದರೆ ಊದ್ತೀನಿ ಅಂತು.

ಗಾನವಿ ಓಡಿದಳು. ಓಡಿ ಓಡಿ ಅಜ್ಜಿಯ ಹತ್ತಿರ ಬಂದಳು.

ಅಜ್ಜಿ, ಅಜ್ಜಿ,
ದುಂಡ ಸೊಪ್ಪು ಮುಟ್ಟಲ್ಲ.
ಫ್ಯಾನು ಗಾಳಿ ಊದಲ್ಲ.
ನೀನು ಕಂಬಳಿ ಬಿಚ್ತೀಯಾ?

ಪಿಳ್ಳಮ್ಮಜ್ಜಿ ಸೊಂಟಕ್ಕೆ ಸೆರಗು ಸಿಕ್ಕಿಸಿದಳು. "ಬಿಚ್ಚಲ್ಲ ಕಣೇ. ಊಜಿ ನೊಣ ಬಂದದೆ. ಹುಳದ ಮೈ ಮೇಲೆ ಮೊಟ್ಟೆ ಇಟ್ಟರೆ ಹುಳ ಸತ್ತಂಗೇ. ಹಳೇ ಫಿಲ್ಟರು ಹರಿದೋಯ್ತು. ಅದಕ್ಕೇ ಕಂಬಳಿ ಕಟ್ಟಿವ್ನಿ. ಎರಡು ಮಡಿಕೆ ಕಟ್ಟಿವ್ನಿ."

ಅಜ್ಜಿಗೂ ಹುಳಗಳ ಮೇಲೆ ಪ್ರೀತಿಯೇ. ದಪ್ಪ ಇದ್ದಷ್ಟೂ ಒಳ್ಳೆಯದು ಅಂತ ಅವಳ ನಂಬಿಕೆ. ನೊಣ ಬಿಡದ, ಗಾಳಿ ತಡೆಯದ ಫಿಲ್ಟರು ತಂದುಕೊಡು, ಆಗ ಬಿಚ್ತೀನಿ ಅಂದಳು.

ಗಾನವಿ ಓಡಿದಳು. ಓಡಿ ಓಡಿ ಅಂಗಡಿ ಅನ್ಸರ್ ಮಾಮನ ಹತ್ತಿರ ಬಂದಳು.

ಮಾಮ, ಮಾಮ,
ದುಂಡ ಸೊಪ್ಪು ಮುಟ್ಟಲ್ಲ.
ಫ್ಯಾನು ಗಾಳಿ ಊದಲ್ಲ.
ಅಜ್ಜಿ ಕಂಬಳಿ ಬಿಚ್ಚಲ್ಲ.
ನೀನು ಫಿಲ್ಟರು ಕೊಡ್ತೀಯಾ?

ಅನ್ಸರ್ ಮಾಮ ತಲೆ ಅಲ್ಲಾಡಿಸಿದ. ಫಿಲ್ಟರು ಬೇಕಾದಷ್ಟಿದೆ, ಆದರೆ ಅಳತೆ ಎಲ್ಲಿ ಅಂದ. ಚಿಕ್ಕದು ಕೊಟ್ಟರೆ ಸಂದಿಯಲ್ಲಿ ನೊಣ ನುಗ್ಗುತ್ತೆ. ದೊಡ್ಡದು ಕೊಟ್ಟರೆ ಪೆಟ್ಟಿಗೆಯಲ್ಲಿ ಕೂರೋದೇ ಇಲ್ಲ. ಪೆಟ್ಟಿಗೆ ಮಾಡಿದ ಸೊಣ್ಣಪ್ಪ ದೊಡ್ಡಪ್ಪನ್ನ ಅಳತೆ ಕೇಳು, ಆಗ ಕೊಡ್ತೀನಿ ಅಂದ.

ಗಾನವಿ ಓಡಿದಳು. ಓಡಿ ಓಡಿ ವೆಲ್ಡಿಂಗ್ ಮಾಡೋ ಸೊಣ್ಣಪ್ಪ ದೊಡ್ಡಪ್ಪನ ಹತ್ತಿರ ಬಂದಳು.

ದೊಡ್ಡಪ್ಪ, ದೊಡ್ಡಪ್ಪ,
ದುಂಡ ಸೊಪ್ಪು ಮುಟ್ಟಲ್ಲ.
ಫ್ಯಾನು ಗಾಳಿ ಊದಲ್ಲ.
ಅಜ್ಜಿ ಕಂಬಳಿ ಬಿಚ್ಚಲ್ಲ.
ಮಾಮ ಫಿಲ್ಟರು ಕೊಡಲ್ಲ.
ನೀನು ಅಳತೆ ಹೇಳ್ತೀಯಾ?

ಸೊಣ್ಣಪ್ಪ ದೊಡ್ಡಪ್ಪ ತಲೆ ಕೆರೆದುಕೊಂಡ. ದೊಡ್ಡಪ್ಪ ಏನನ್ನೂ ಬರೆದಿಡೋನಲ್ಲ. ಅಳತೆ ಎಲ್ಲ ದಾರದಲ್ಲಿ. ಉದ್ದಕ್ಕೊಂದು ಗಂಟು, ಅಗಲಕ್ಕೊಂದು ಗಂಟು. ಆ ದಾರ ಈಗ ಎಲ್ಲಿದೆ? ಮೇಕೆಯ ಕೊರಳಲ್ಲಿದೆ! ನಿನ್ನೆ ಹಗ್ಗ ಹರಿದಿತ್ತಂತೆ. ಕೈಗೆ ಸಿಕ್ಕಿದ ದಾರವನ್ನೇ ಮೇಕೆಗೆ ಕಟ್ಟಿಬಿಟ್ಟಿದ್ದಾನೆ, ಪುಣ್ಯಾತ್ಮ. ಹತ್ತಿರ ಹೋದರೆ ಮೇಕೆ ಹಾಯುತ್ತೆ. ನೀನೇ ಕೇಳು, ದಾರ ಸಿಕ್ಕಿದರೆ ಅಳತೆ ಹೇಳ್ತೀನಿ ಅಂದ.

ಗಾನವಿ ಓಡಿದಳು. ಓಡಿ ಓಡಿ ಮೇಕೆಯ ಹತ್ತಿರ ಬಂದಳು. ಎಲ್ಲಿ, ನೀವೂ ಸೇರಿಕೊಳ್ಳಿ.

ಮೇಕೆ, ಮೇಕೆ,
ದುಂಡ ಸೊಪ್ಪು ಮುಟ್ಟಲ್ಲ.
ಫ್ಯಾನು ಗಾಳಿ ಊದಲ್ಲ.
ಅಜ್ಜಿ ಕಂಬಳಿ ಬಿಚ್ಚಲ್ಲ.
ಮಾಮ ಫಿಲ್ಟರು ಕೊಡಲ್ಲ.
ದೊಡ್ಡಪ್ಪ ಅಳತೆ ಹೇಳಲ್ಲ.
ನೀನು ದಾರ ಬಿಡ್ತೀಯಾ?

ಮೇಕೆ ಕತ್ತು ಕೊಂಕಿಸಿತು. ಈ ಸರ ನನಗೆ ಚೆನ್ನಾಗಿ ಒಪ್ಪುತ್ತೆ, ಸುಮ್ಮನೆ ಬಿಡೋದಿಲ್ಲ ಅಂತು. ಹಿಪ್ಪುನೇರಳೆ ಕಡ್ಡಿ ತಾ. ಎಲೆ ಹಸಿರಾಗಿರಬೇಕು. ಬಾಡಿದ್ದು ತಂದರೆ ಹಾಯ್ತೀನಿ. ಮೇಕೆಯ ಜಂಬ ನೋಡಿ!

ಗಾನವಿ ಓಡಿದಳು. ಓಡಿ ಓಡಿ ಹಿಪ್ಪುನೇರಳೆ ಗಿಡದ ಹತ್ತಿರ ಬಂದಳು.

ಗಿಡವೇ, ಗಿಡವೇ,
ದುಂಡ ಸೊಪ್ಪು ಮುಟ್ಟಲ್ಲ.
ಫ್ಯಾನು ಗಾಳಿ ಊದಲ್ಲ.
ಅಜ್ಜಿ ಕಂಬಳಿ ಬಿಚ್ಚಲ್ಲ.
ಮಾಮ ಫಿಲ್ಟರು ಕೊಡಲ್ಲ.
ದೊಡ್ಡಪ್ಪ ಅಳತೆ ಹೇಳಲ್ಲ.
ಮೇಕೆ ದಾರ ಬಿಡಲ್ಲ.
ನೀನು ಕಡ್ಡಿ ನೀಡ್ತೀಯಾ?

ಗಿಡದ ಎಲೆಗಳೆಲ್ಲ ಜೋತುಬಿದ್ದಿದ್ದವು. ನೀರು ಕುಡಿದು ಎರಡು ದಿನ ಆಯ್ತಂತೆ. ಒಂದು ಕಾಲುವೆ ನೀರು ಬಿಡಿಸು, ಹಸಿರು ಕಡ್ಡಿ ಕೊಡ್ತೀನಿ ಅಂತು. ಗಿಡ ಜಂಬದಿಂದ ಹೇಳಲಿಲ್ಲ. ಅದಕ್ಕೆ ನಿಜವಾಗಿ ಬಾಯಾರಿತ್ತು.

ಗಾನವಿ ಓಡಿದಳು. ಚಪ್ಪಲಿ ಒಂದು ಕಡೆ, ಗಾನವಿ ಒಂದು ಕಡೆ. ಓಡಿ ಓಡಿ ಪಂಪಿನ ಹತ್ತಿರ ಬಂದಳು.

ಪಂಪೇ, ಪಂಪೇ,
ದುಂಡ ಸೊಪ್ಪು ಮುಟ್ಟಲ್ಲ.
ಫ್ಯಾನು ಗಾಳಿ ಊದಲ್ಲ.
ಅಜ್ಜಿ ಕಂಬಳಿ ಬಿಚ್ಚಲ್ಲ.
ಮಾಮ ಫಿಲ್ಟರು ಕೊಡಲ್ಲ.
ದೊಡ್ಡಪ್ಪ ಅಳತೆ ಹೇಳಲ್ಲ.
ಮೇಕೆ ದಾರ ಬಿಡಲ್ಲ.
ಗಿಡ ಕಡ್ಡಿ ನೀಡಲ್ಲ.
ನೀನು ನೀರು ಹರಿಸ್ತೀಯಾ?

ಪಂಪು ಪಕ್ ಅಂತು. ಮತ್ತೆ ಸುಮ್ಮನಾಯ್ತು.

"ಕರೆಂಟೆಲ್ಲಿದೆ?" ಅಂತು. "ಮಾಳಿಗೆ ಮೇಲಿನ ಸೋಲಾರು ನಮ್ಮಿಬ್ಬರಿಗೂ ಸೇರಿಸಿ ಕೊಡುತ್ತೆ. ನನಗೆ ಅರ್ಧ, ಫ್ಯಾನಿಗೆ ಅರ್ಧ. ಈ ಎರಡು ದಿನದಿಂದ ನನ್ನ ಪಾಲೂ ಫ್ಯಾನೇ ತಿಂತಾ ಇದೆ."

ಗಾನವಿ ಅಲ್ಲೇ ನಿಂತಳು.

ಪಂಪಿಗೆ ಕರೆಂಟು ಬೇಕು. ಕರೆಂಟು ಫ್ಯಾನಿನ ಹೊಟ್ಟೆಯಲ್ಲಿದೆ. ಫ್ಯಾನಿನ ಬಾಯಿಗೆ ಕಂಬಳಿ. ಕಂಬಳಿ ಬಿಚ್ಚಲು ಫಿಲ್ಟರು ಬೇಕು. ಫಿಲ್ಟರಿಗೆ ಅಳತೆ ಬೇಕು. ಅಳತೆಗೆ ದಾರ ಬೇಕು. ದಾರಕ್ಕೆ ಕಡ್ಡಿ ಬೇಕು. ಕಡ್ಡಿಗೆ ನೀರು ಬೇಕು. ನೀರಿಗೆ ಪಂಪು ಬೇಕು. ಪಂಪಿಗೆ ಕರೆಂಟು ಬೇಕು. ಅಯ್ಯೋ, ಸುತ್ತಿ ಸುತ್ತಿ ಇಲ್ಲಿಗೇ ಬಂತಲ್ಲ! ಗಾನವಿಗೆ ಅಳು ಬಂತು. ಮೂಗು ಒರೆಸಿಕೊಂಡಳು. ಆಮೇಲೆ ಥಟ್ಟನೆ ಒಂದು ಯೋಚನೆ ಬಂತು.

ಓಡಿದಳು, ಓಡಿದಳು. ಕೈ ತೊಳೆದಳು, ಕಾಲು ತೊಳೆದಳು. ಫ್ಯಾನಿನ ಮುಂದೆ ನಿಂತಳು.

"ಫ್ಯಾನಣ್ಣ, ಹೇಗೂ ನಿನ್ನಿಂದ ಗಾಳಿ ಬರ್ತಾ ಇಲ್ಲ. ಸುಮ್ಮನೆ ಯಾಕೆ ಒದ್ದಾಡ್ತೀಯಾ? ಸ್ವಲ್ಪ ಹೊತ್ತು ನಿಂತ್ಕೋ."

ಫ್ಯಾನಿಗೆ ಇದು ಹೊಳೆದೇ ಇರಲಿಲ್ಲ. ಗೊರ್ರ್ ಅಂತು. ಗೊರ್ ಅಂತು. ಗೊ ಅಂತು. ನಿಂತೇ ಬಿಟ್ಟಿತು. ಗಾನವಿ ದುಂಡನ ಕಡೆ ಬಗ್ಗಿದಳು. ಇನ್ನು ಸ್ವಲ್ಪ ತಡ್ಕೋ ದುಂಡ, ಬಂದೇಬಿಟ್ಟೆ ಅಂದಳು. ದುಂಡ ತಲೆ ಎತ್ತಲಿಲ್ಲ. ಗಾನವಿಗೆ ಭಯವಾಯ್ತು. ಭಯಕ್ಕೇ ಇನ್ನೂ ಜೋರಾಗಿ ಓಡಿದಳು.

ಫ್ಯಾನು ನಿಂತಿತು, ಕರೆಂಟು ಪಂಪಿಗೆ ಹರಿಯಿತು. ಪಂಪು ಪಕ್ ಪಕ್ ಅಂತು. ಬುಳುಬುಳು ಬುಳುಬುಳು ನೀರು ಬಂತು!

ಪಂಪು ನೀರು ಹರಿಸಿತು.
ಗಿಡ ಕಡ್ಡಿ ನೀಡಿತು.

ಗಿಡ ಕುಡಿಯಿತು, ಕುಡಿಯಿತು, ಎಲೆ ಎತ್ತಿತು. ಗಾನವಿ ಹಸಿರು ಕಡ್ಡಿ ಹಿಡಿದು ಮೇಕೆಯ ಹತ್ತಿರ ಹೋದಳು. ಮೇಕೆ ಕಡ್ಡಿಗೆ ಬಾಯಿ ಹಾಕಿತು. ಬಾಯಿ ಹಾಕಿದ ಮೇಲೆ ಸರ ಯಾರಿಗೆ ಬೇಕು? ಗಾನವಿ ದಾರ ಬಿಚ್ಚಿಕೊಂಡಳು.

ಪಂಪು ನೀರು ಹರಿಸಿತು.
ಗಿಡ ಕಡ್ಡಿ ನೀಡಿತು.
ಮೇಕೆ ದಾರ ಬಿಟ್ಟಿತು.
ದೊಡ್ಡಪ್ಪ ಅಳತೆ ಹೇಳಿದ.

ಈ ಗಂಟು ಉದ್ದ, ಈ ಗಂಟು ಅಗಲ ಅಂತ ದೊಡ್ಡಪ್ಪ ಬೆರಳಿಟ್ಟು ತೋರಿಸಿದ. ಗಾನವಿ ದಾರ ಹಿಡಿದು ಅಂಗಡಿಗೆ ಹಾರಿದಳು.

ಅನ್ಸರ್ ಮಾಮ ದಾರ ಹಿಡಿದು ಅಳೆದ. ಮೂರು ಫಿಲ್ಟರು ತೆಗೆದಿಟ್ಟ. ಮೂರಕ್ಕೂ ಅಳತೆ ಸರಿ. ಒಂದು ದಪ್ಪ, ಹಾಸಿಗೆಯಷ್ಟು ದಪ್ಪ. ಒಂದು ತೆಳ್ಳಗೆ, ಮೈಯೆಲ್ಲ ತೂತು. ಒಂದು ನೆರಿಗೆಯದು, ಲಂಗದ ಹಾಗೆ ನೆರಿಗೆ ನೆರಿಗೆ. ಯಾವುದು ಬೇಕು ಆರಿಸ್ಕೋ ಅಂದ.

ದಪ್ಪಂದು ಅಂತ ಗಾನವಿ ಕೈ ಚಾಚಿದಳು. ಅಜ್ಜಿಯ ಮೊಮ್ಮಗಳಲ್ಲವಾ! ಮಾಮ ತಡೆದ. ಮೊದಲು ಊದಿ ನೋಡು, ಆಮೇಲೆ ಸಾಸಿವೆ ಹಾಕಿ ನೋಡು ಅಂದ.

ಗಾನವಿ ದಪ್ಪ ಫಿಲ್ಟರಿಗೆ ಊದಿದಳು. ಹಿಂದೆ ಕೈ ಇಟ್ಟಳು. ಗಾಳಿ ಬರಲಿಲ್ಲ. ಕೆನ್ನೆ ನೋವು ಬಂತು.

ತೆಳ್ಳನೆಯದಕ್ಕೆ ಊದಿದಳು. ಗಾಳಿ ಬಂತು. ಸಾಸಿವೆ ಹಾಕಿದಳು. ಟಪಟಪ ಅಂತ ಸಾಸಿವೆಯೂ ಬಂತು. ಸಾಸಿವೆ ಬಂದರೆ ನೊಣ ಬರೋದಿಲ್ಲವಾ?

ನೆರಿಗೆಯದಕ್ಕೆ ಊದಿದಳು. ಗಾಳಿ ಬಂತು, ಸಲೀಸಾಗಿ ಬಂತು. ಸಾಸಿವೆ ಹಾಕಿದಳು. ಸಾಸಿವೆ ನೆರಿಗೆಯಲ್ಲೇ ಕೂತಿತು.

"ನೆರಿಗೆಯಲ್ಲಿ ಬಟ್ಟೆ ಜಾಸ್ತಿ, ಗಾಳಿಗೆ ದಾರಿ ಜಾಸ್ತಿ," ಅಂದ ಮಾಮ. "ಫ್ಯಾನು ಒದ್ದಾಡಲ್ಲ. ಒದ್ದಾಡದಿದ್ರೆ ಕರೆಂಟು ಕಮ್ಮಿ ತಿನ್ನುತ್ತೆ. ವಾರಕ್ಕೊಂದು ಸಲ ಧೂಳು ಕೊಡವಬೇಕು, ಮರೀಬೇಡ ಬೇಟಿ."

ಗಾನವಿ ಫಿಲ್ಟರು ತಲೆ ಮೇಲೆ ಹೊತ್ತಳು. ಓಡಿದಳು, ಓಡಿದಳು, ಓಡಿದಳು. ಅಜ್ಜಿ ಫಿಲ್ಟರು ಕೈಗೆ ತಗೊಂಡಳು. ತಿರುಗಿಸಿದಳು. ಬೆಳಕಿಗೆ ಹಿಡಿದಳು. ತಾನೂ ಫೂ ಅಂತ ಊದಿದಳು. ಆಮೇಲೆ ಕಂಬಳಿಯ ಗಂಟಿಗೆ ಕೈ ಹಾಕಿದಳು.

"ನೊಣಕ್ಕೆ ಹೆದ್ರಿ ನಾನು ಗಾಳೀನೇ ಕಟ್ಟಾಕ್ಬಿಟ್ಟಿದ್ದೆ ಕಣವ್ವ," ಅಂದಳು. ಅಜ್ಜಿಯ ಕಣ್ಣು ಒದ್ದೆಯಾಗಿತ್ತು.

ಕಂಬಳಿ ಬಿತ್ತು. ಫಿಲ್ಟರು ಟಕ್ ಅಂತ ಕೂತಿತು. ಫ್ಯಾನು ಎದ್ದಿತು. ಗೊರ್ರ್ ಅನ್ನಲಿಲ್ಲ. ಸುಯ್ಯ್ ಅಂತು! ಅದೇ ಹೊತ್ತಿಗೆ ಹೊರಗೆ ಪಂಪು ಬುಳುಬುಳು ಅಂತಲೇ ಇತ್ತು. ಕರೆಂಟು ಇಬ್ಬರಿಗೂ ಸಾಕಾಯ್ತು. ಊಜಿ ನೊಣ ಬಂತು, ನೆರಿಗೆಗೆ ಮೂತಿ ಗುದ್ದಿಕೊಂಡು ಹೋಯ್ತು.

ಈಗ ಎಲ್ಲರೂ ಸೇರಿ ಹೇಳಿ, ಜೋರಾಗಿ.

ಪಂಪು ನೀರು ಹರಿಸಿತು.
ಗಿಡ ಕಡ್ಡಿ ನೀಡಿತು.
ಮೇಕೆ ದಾರ ಬಿಟ್ಟಿತು.
ದೊಡ್ಡಪ್ಪ ಅಳತೆ ಹೇಳಿದ.
ಮಾಮ ಫಿಲ್ಟರು ಕೊಟ್ಟ.
ಅಜ್ಜಿ ಕಂಬಳಿ ಬಿಚ್ಚಿದಳು.
ಫ್ಯಾನು ಗಾಳಿ ಊದಿತು.
ದುಂಡ?

ಶ್. ದುಂಡ ಇನ್ನೂ ಅಲ್ಲಾಡಿಲ್ಲ.

ಗಾನವಿ ಕೈ ತೊಳೆದಳು, ಕಾಲು ತೊಳೆದಳು. ಎಳೆ ಸೊಪ್ಪು ತಂದಳು. ದುಂಡನ ಮೂತಿಯ ಮುಂದೆ ಹಿಡಿದಳು. ತಂಗಾಳಿ ಬಂತು. ದುಂಡನ ಬೆನ್ನ ಮೇಲೆ ಹಾದುಹೋಯ್ತು. ಗಾನವಿ ಉಸಿರು ಬಿಗಿ ಹಿಡಿದಳು. ಅಜ್ಜಿಯೂ ಹಿಡಿದಳು.

ದುಂಡ ತಲೆ ಎತ್ತಿದ. ಆ ಕಡೆ ನೋಡಿದ. ಈ ಕಡೆ ನೋಡಿದ.

ಕಟ್.

ಒಂದು ತುತ್ತು!

ಕಟ್ ಕಟ್. ಪಕ್ಕದ ಹುಳವೂ ಕಟ್ ಕಟ್. ಅದರ ಪಕ್ಕದ್ದೂ ಕಟ್ ಕಟ್. ಸಾವಿರ ಸಾವಿರ ಹುಳ ಕಟ್ ಕಟ್ ಕಟ್ ಕಟ್. ಮನೆ ತುಂಬ ಮಳೆ ಬಂದ ಹಾಗೆ ಸದ್ದು. ಗಾನವಿ ಕುಣಿದಳು. ಅಜ್ಜಿಯೂ ಸೊಂಟಕ್ಕೆ ಕೈ ಇಟ್ಟು ಒಂದು ಸುತ್ತು ಕುಣಿದಳು.

ದುಂಡ ಎಲೆ ತಿಂದ, ಎಲೆಯ ನರ ತಿಂದ, ತೊಟ್ಟನ್ನೂ ಬಿಡಲಿಲ್ಲ. ಇನ್ನೊಂದು ಎಲೆ ಕೊಡು ಅಂತ ಗಾನವಿಯ ಮುಖ ನೋಡಿದ.

ದುಂಡನ ಎಲೆ ಖಾಲಿ. ಎಲ್ಲಿ, ನಿಮ್ಮ ನಿಮ್ಮ ತಟ್ಟೆ ತೋರಿಸಿ?